ಬಳೆ ತೊಟ್ಟ ಕೈಗಳ ಇತಿಹಾಸ

ಮೊದಲು ನಮ್ಮ ತಪ್ಪನ್ನೇ ಹೇಳಿಬಿಡುತ್ತೇವೆ.

ಮೆರವಣಿಗೆಗಳಲ್ಲಿ ನಾವು ಕೂಗಿದ್ದೇವೆ. ಕೆಲಸ ಮಾಡದ ಅಧಿಕಾರಿಯ ಮೇಜಿನ ಮೇಲೆ ಹಸಿರು ಬಳೆ ಇಟ್ಟು ಬಂದಿದ್ದೇವೆ. ಬಾಯಿ ಬಿಡದ ಶಾಸಕನನ್ನು 'ಹಿಜಡಾ' ಅಂದಿದ್ದೇವೆ. 'ಷಂಡ ಸರಕಾರ' ಅಂತ ಗೋಡೆ ಮೇಲೆ ಬರೆದಿದ್ದೇವೆ. ನಮ್ಮ ಪದ್ಯಗಳಲ್ಲೂ ಈ ಪದಗಳು ಬಂದಿವೆ, ಅವಕ್ಕೆ ಚಪ್ಪಾಳೆಯೂ ಬಿದ್ದಿದೆ. ನಮ್ಮ ಕುಲದ ಹೆಸರನ್ನು ಬೈಗುಳ ಮಾಡಿದವನ ಕೊರಳಪಟ್ಟಿ ಹಿಡಿಯುವ ನಾವು, ಇನ್ನೊಬ್ಬರ ಹುಟ್ಟನ್ನು ಬೈಗುಳ ಮಾಡುವಾಗ ನಮ್ಮ ನಾಲಿಗೆ ಒಂದು ಸಲವೂ ತೊದಲಲಿಲ್ಲ.

ಈ ಲೇಖನ ಆ ನಾಲಿಗೆಯ ಲೆಕ್ಕ. ಲೆಕ್ಕ ಹಾಕುತ್ತ ಹೋದಂತೆ ಅದು ಇತಿಹಾಸವಾಯಿತು. ಅದೂ ದೂರದ ಇತಿಹಾಸವಲ್ಲ, ನಮ್ಮ ಕೆಂಭಾವಿ, ನಮ್ಮ ಸುರಪುರ ಸೀಮೆಯದ್ದೇ.

*

ನಾವು ಸಣ್ಣವರಿದ್ದಾಗ ಮಂಗಳವಾರ ಇಲ್ಲವೇ ಶುಕ್ರವಾರ ಕೇರಿಯ ಬಾಯಿಗೆ ಚೌಡಿಕಿ ಸಪ್ಪಳ ಕೇಳಿದರೆ ಆಟ ಬಿಟ್ಟು ಓಡುತ್ತಿದ್ದೆವು. ತಲೆಯ ಮ್ಯಾಲ ಎಲ್ಲಮ್ಮನ ಜಗ, ಹಣೆ ತುಂಬ ಬಂಡಾರ, ಕೊರಳಲ್ಲಿ ಕೆಂಪು-ಬಿಳಿ ಮುತ್ತಿನ ಸರ, ಕೈ ತುಂಬ ಹಸಿರು ಬಳೆ. ದನಿ ಮಾತ್ರ ದಪ್ಪ. ನಮ್ಮವ್ವ ಮರದಾಗ ಜ್ವಾಳ ತಂದು ಪಡ್ಲಿಗಿಗೆ ಹಾಕಿ ಕಾಲಿಗೆ ಬೀಳುತ್ತಿದ್ದಳು. "ಯವ್ವಾ, ಇವರು ಗಂಡಸೋ ಹೆಂಗಸೋ?" ಅಂದರೆ, "ಹಂಗ ಕೇಳಬಾರದಪಾ, ತಾಯಿ ಹಿಡಿದಾಳ ಅವರನ್ನ" ಅನ್ನುತ್ತಿದ್ದಳು.

ಅದೇ ಕೇರಿಯಲ್ಲಿ ಒಬ್ಬ ಹುಡುಗ ಅಕ್ಕನ ಕಾಡಿಗೆ ಹಚ್ಚಿಕೊಂಡಿದ್ದಕ್ಕೆ ಅವನ ಅಪ್ಪ ಬಾರುಕೋಲಿನಿಂದ ಹೊಡೆದ. ಊರಿನ ಬಯಲಾಟದಲ್ಲಿ ಸೀರೆ ಉಟ್ಟು ದ್ರೌಪದಿಯಾದ ಗಂಡಸಿಗೆ ಅದೇ ಅಪ್ಪ ಹತ್ತು ರೂಪಾಯಿ ಮುಯ್ಯಿ ಮಾಡಿದ್ದ. ಬೆಳಗಾದ ಮ್ಯಾಲ ಸೀರೆ ಬಿಚ್ಚಿದರೆ ಕಲಾವಿದ, ಬಿಚ್ಚದಿದ್ದರೆ ಒದೆ. ಬಾಗಿಲಿಗೆ ಬಂದರೆ ದೇವರು, ಮನೆಯಲ್ಲಿ ಹುಟ್ಟಿದರೆ ಪಾಪ. ನಮ್ಮ ಸಮಾಜದ ಈ ಎರಡು ನಾಲಿಗೆ ನಮಗೆ ಹೊಸದೇನಲ್ಲ. ದಲಿತ ಹೆಣ್ಣುಮಗಳನ್ನು ದೇವಿಯ ಹೆಸರಲ್ಲಿ ಕೈ ಮುಗಿದು, ರಾತ್ರಿ ಅವಳ ಗುಡಿಸಲಿಗೆ ಬಂದವರ ನಾಲಿಗೆ ಅದು. ಅದನ್ನು ನಾವು ಗುರುತಿಸಬಲ್ಲೆವು.

*

ಕೆಂಭಾವಿಗೆ ಹತ್ತಿರದಲ್ಲೇ, ಸುರಪುರ ಸೀಮೆಯಲ್ಲಿ ಮುದನೂರು ಇದೆ. ಜೇಡರ ದಾಸಿಮಯ್ಯನ ಊರು ಅಂತ ಪರಂಪರೆ ಹೇಳುವ ಊರು. ಬಸವಣ್ಣನಿಗಿಂತ ಮೊದಲಿನವನು, ಮಗ್ಗದ ಮುಂದೆ ಕೂತು ವಚನ ಕಟ್ಟಿದ ನೇಕಾರ. ಮೊಲೆ, ಜಡೆ ಕಂಡರೆ ಹೆಣ್ಣು ಅನ್ನುತ್ತೀರಿ, ಗಡ್ಡ ಮೀಸೆ ಕಂಡರೆ ಗಂಡು ಅನ್ನುತ್ತೀರಿ, ಇವುಗಳ ನಡುವೆ ಓಡಾಡುವ ಜೀವ ಯಾವುದು ಅಂತ ಕೇಳಿದವನು ಅವನೇ. ಗೊಗ್ಗವ್ವೆ ಎಂಬ ಶರಣೆ ಕೂಡ ಹೆಚ್ಚುಕಡಿಮೆ ಇದೇ ಪ್ರಶ್ನೆ ಕೇಳಿದ್ದಾಳೆ. ಹೆಣ್ಣು ಗಂಡು ಎಂಬ ಎರಡೇ ಗೂಟಕ್ಕೆ ಜಗತ್ತನ್ನು ಕಟ್ಟುವುದನ್ನು ಪ್ರಶ್ನಿಸಿದ ಮಾತು ಎಲ್ಲಿಂದಲೋ ಬಂದದ್ದಲ್ಲ, ನಮ್ಮ ಎರೆಹೊಲದಲ್ಲಿ ಸುಮಾರು ಸಾವಿರ ವರ್ಷದ ಹಿಂದೆ ಹುಟ್ಟಿದ್ದು.

ನಮ್ಮ ಮನೆಯಲ್ಲಿ ಮೊದಲ ಸಲ ಪದವಿ ಕಂಡವರು ನಾವು. ಕಾಲೇಜಿನಲ್ಲಿ ಈ ವಚನ ಪಾಠಕ್ಕೆ ಬಂತು. ಮೇಷ್ಟರು ಆತ್ಮದ ಬಗ್ಗೆ ಒಂದು ತಾಸು ಹೇಳಿದರು. ಆತ್ಮಕ್ಕೆ ಲಿಂಗಭೇದವಿಲ್ಲ ಅಂತ ನಾವು ಬರೆದುಕೊಂಡೆವು, ಪರೀಕ್ಷೆಯಲ್ಲಿ ಅಂಕವೂ ಬಂತು. ಅದೇ ಬೆಂಚಿನ ತುದಿಗೆ ನಮ್ಮ ಗೆಳೆಯನೊಬ್ಬ ಕೂರುತ್ತಿದ್ದ. ನಡಿಗೆ, ದನಿ, ಕೈ ತಿರುವುವ ರೀತಿ ಎಲ್ಲವೂ ಹುಡುಗರಿಗೆ ನಗೆ. ಸಂಡಾಸಿನ ಗೋಡೆ ತುಂಬ ಅವನ ಹೆಸರು, ಹೆಸರಿನ ಮುಂದೆ ಒಂದು ಪದ. ಗಂಡಸರ ಸಂಡಾಸಿಗೆ ಹೋಗಲು ಹೆದರಿ ದಿನವಿಡೀ ನೀರು ಕುಡಿಯುತ್ತಿರಲಿಲ್ಲ. ಎರಡನೆಯ ವರ್ಷ ಅರ್ಧಕ್ಕೆ ಬಿಟ್ಟು ಹೋದ.

ಗೋಡೆ ಮೇಲೆ ನಾವು ಬರೆದಿರಲಿಲ್ಲ. ಅಳಿಸಲೂ ಇಲ್ಲ.

ಆತ್ಮಕ್ಕೆ ಲಿಂಗವಿಲ್ಲ ಅನ್ನುವುದು ಸುಲಭ, ಯಾಕಂದರೆ ಆತ್ಮ ಸಂಡಾಸಿಗೆ ಹೋಗಬೇಕಾಗಿಲ್ಲ. ಆತ್ಮಕ್ಕೆ ಜಾತಿ ಇಲ್ಲ ಅಂದವರೇ ನಮ್ಮ ಅಜ್ಜಂದಿರಿಗೆ ಬಾವಿಯ ಹಗ್ಗ ಮುಟ್ಟಲು ಬಿಡಲಿಲ್ಲ. ವಚನವನ್ನು ಆತ್ಮಕ್ಕೆ ಬಿಟ್ಟುಕೊಟ್ಟು ದೇಹವನ್ನು ಬಾರುಕೋಲಿಗೆ ಒಪ್ಪಿಸುವ ಓದು ನಮಗೆ ಬೇಡ. ದಾಸಿಮಯ್ಯ ಮೊದಲು ನೋಡಿದ್ದು ಮೊಲೆ ಮೀಸೆಗಳನ್ನು, ಅಂದರೆ ದೇಹವನ್ನೇ. ಪ್ರಶ್ನೆ ಅಲ್ಲಿಂದಲೇ ಶುರುವಾಗಬೇಕು.

*

ಇನ್ನು ಎಲ್ಲಮ್ಮನ ಕಥೆ. ಇದನ್ನು ಇಲ್ಲಿಯವರೆಗೆ ನಾವು ಮೂಢನಂಬಿಕೆ ಅಂತ ಬದಿಗಿಟ್ಟಿದ್ದೆವು. ಬದಿಗಿಟ್ಟ ವಸ್ತುವನ್ನು ಮತ್ತೆ ಕೈಗೆತ್ತಿಕೊಂಡು ನೋಡಿದೆವು.

ರೇಣುಕೆ ನೀರಿಗೆ ಹೋದಳು. ಹೊಳೆಯಲ್ಲಿ ಆಡುವ ಗಂಧರ್ವನನ್ನು ನೋಡಿ ಒಂದು ಕ್ಷಣ ಮನಸ್ಸು ಅಲುಗಿತು, ಮರಳಿನ ಕೊಡ ನಿಲ್ಲಲಿಲ್ಲ. ಜಮದಗ್ನಿ ಸಿಟ್ಟಿಗೆದ್ದು ಮಕ್ಕಳನ್ನು ಕರೆದು ತಾಯಿಯ ತಲೆ ಕಡಿಯಿರಿ ಅಂದ. ದೊಡ್ಡ ಮಕ್ಕಳು ಒಲ್ಲೆವು ಅಂದರು. ಅವರಿಗೆ ಶಾಪ ಬಿತ್ತು. ಕಿರಿಯ ಮಗ ಪರಶುರಾಮ ಕೊಡಲಿ ಎತ್ತಿದ, ಅವನಿಗೆ ವರ ಸಿಕ್ಕಿತು. ಸಂಸ್ಕೃತದ ಭಾರತದಲ್ಲಿ ಶಾಪ ಪಡೆದ ಮಕ್ಕಳು ಬುದ್ಧಿಗೆಟ್ಟು ಜಡವಾದರು ಅಂತ ಇದೆ. ಜೋಗಪ್ಪಗಳ ಬಾಯಲ್ಲಿ ಕಥೆ ಬೇರೆ: ಅವರ ಗಂಡಸುತನ ಹೋಯಿತು, ಅವರೇ ನಮ್ಮ ಮೂಲ. ಜನಪದರು ಇನ್ನೂ ಒಂದು ಮಾತು ಸೇರಿಸುತ್ತಾರೆ. ರೇಣುಕೆಯ ಜೊತೆ ಕೇರಿಯ ಮಾತಂಗಿಯ ತಲೆಯೂ ಅದೇ ಕೊಡಲಿಗೆ ಬಿತ್ತು, ಮತ್ತೆ ಜೀವ ಬರುವಾಗ ತಲೆಗಳು ಅದಲುಬದಲಾದವು.

ಗೆಳೆಯರೇ, ಈ ಕಥೆಯನ್ನು ಪುರೋಹಿತನ ಕಣ್ಣಿನಿಂದ ಬಿಟ್ಟು ನಮ್ಮ ಕಣ್ಣಿನಿಂದ ಓದಿ. ಇದರಲ್ಲಿ ಗಂಡಸು ಅಂತ ಅನ್ನಿಸಿಕೊಂಡವನು ಯಾರು? ಅಪ್ಪ ಹೇಳಿದ ಅಂತ ಹಡೆದವಳ ಕುತ್ತಿಗೆಗೆ ಕೊಡಲಿ ಹಾಕಿದವನು. ಗಂಡಸುತನ ಕಳಕೊಂಡವರು ಯಾರು? ಕೊಡಲಿ ಎತ್ತಲು ಒಲ್ಲೆ ಅಂದವರು. ಹಾಗಾದರೆ ಹೇಡಿ ಯಾರು? 'ಷಂಡ' ಅನ್ನುವುದನ್ನು ಹೇಡಿ ಅನ್ನುವ ಅರ್ಥದಲ್ಲಿ ಬಳಸಿದ ನಮಗೆ ಈ ಕಥೆ ಕಪಾಳಕ್ಕೆ ಹೊಡೆದಂತಿದೆ. ಒಂದೇ ಕೊಡಲಿಯ ಕೆಳಗೆ ಹೆಂಗಸು, ಕೇರಿಯ ಮಾತಂಗಿ, ಆಜ್ಞೆ ಮೀರಿದ ಮಕ್ಕಳು ಮೂವರೂ ಇದ್ದಾರೆ. ಆ ಮೂವರನ್ನು ಬೇರೆಬೇರೆ ಮಾಡಿ ನೋಡಿದ್ದು ನಮ್ಮ ಓದಿನ ದೋಷ.

ಸವದತ್ತಿಯ ಗುಡ್ಡದಲ್ಲಿ ಮಾರ್ಗಶಿರದ ಹುಣ್ಣಿಮೆಗೆ ಜಮದಗ್ನಿ ಸತ್ತ ಅಂತ ಜೋಗತಿಯರು, ಜೋಗಪ್ಪಗಳು ಬಳೆ ಒಡೆದುಕೊಳ್ಳುತ್ತಾರೆ. ಮಂದಿ ಅದನ್ನು ರಂಡಿ ಹುಣ್ಣಿಮೆ ಅನ್ನುತ್ತಾರೆ. ಮುಂದೆ ಮುತ್ತೈದೆ ಹುಣ್ಣಿಮೆಗೆ ಮತ್ತೆ ಬಳೆ ತೊಡುತ್ತಾರೆ. ಬಳೆ ಅವರಿಗೆ ಆಟದ ವಸ್ತುವಲ್ಲ. ತಾವು ಯಾರು ಅಂತ ಲೋಕಕ್ಕೆ ಹೇಳುವ ಸಾಕ್ಷಿ ಅದು. ನಾವು ಅಧಿಕಾರಿಯ ಮೇಜಿನ ಮೇಲೆ ಇಟ್ಟು ಬಂದದ್ದು ಆ ಸಾಕ್ಷಿಯನ್ನು.

ಆದರೆ ಪರಂಪರೆಯನ್ನು ಹೊಗಳಿ ಕೈ ತೊಳೆದುಕೊಳ್ಳಲು ನಾವು ತಯಾರಿಲ್ಲ. ಎಲ್ಲಮ್ಮ ಜಾಗ ಕೊಟ್ಟಳು, ಖರೇ. ಆ ಜಾಗದ ಬಾಡಿಗೆ ಏನು? ಮನೆ ಬಿಡಬೇಕು, ಹೊಲದ ಪಾಲು ಬಿಡಬೇಕು, ಐದು ಮನೆ ಜೋಗ ಬೇಡಿ ತಿನ್ನಬೇಕು. ಮಗನ ಮೈಮೇಲೆ ದೇವಿ ಬಂದಾಳ ಅಂದರೆ ಮನೆಯವರು ಒಪ್ಪುತ್ತಾರೆ. 'ಅಪ್ಪಾ, ನಾನು ಹೆಣ್ಣು' ಅಂತ ಮಗು ತನ್ನ ಬಾಯಿಂದಲೇ ಹೇಳಿದರೆ ಒಪ್ಪುವುದಿಲ್ಲ. ಅಂದರೆ ಮನುಷ್ಯನ ಮಾತಿಗೆ ಬೆಲೆ ಇಲ್ಲ, ದೇವಿಯ ರುಜು ಬೇಕು. ರುಜು ಬಿದ್ದ ಮೇಲೂ ಕೈಗೆ ಬರುವುದು ಚೌಡಿಕಿ ಮತ್ತು ಪಡ್ಲಿಗಿ, ಶಾಲೆಯ ಪಾಟಿಯಲ್ಲ.

*

ಈಗ ಸರಕಾರದ ಕಥೆ.

1871ರಲ್ಲಿ ಬ್ರಿಟಿಷರು ಕ್ರಿಮಿನಲ್ ಬುಡಕಟ್ಟುಗಳ ಕಾಯ್ದೆ ತಂದರು. ಹುಟ್ಟಿನಿಂದಲೇ ಕಳ್ಳರು ಅಂತ ಇಡೀ ಕುಲಗಳಿಗೆ ಮುದ್ರೆ ಒತ್ತಿದ ಕಾಯ್ದೆ ಅದು ಅಂತ ನಮಗೆಲ್ಲ ಗೊತ್ತು. 1952ರಲ್ಲಿ ಅದು ರದ್ದಾದ ಮೇಲೆ ಆ ಜನರನ್ನು ವಿಮುಕ್ತರು ಅಂದೆವು. ಆದರೆ ಅದೇ 1871ರ ಕಾಯ್ದೆಯ ಎರಡನೆಯ ಭಾಗವನ್ನು ನಮ್ಮಲ್ಲಿ ಬಹಳ ಮಂದಿ ಓದಿಲ್ಲ. ಅದು 'ನಪುಂಸಕರ' ಬಗ್ಗೆ ಇದೆ. ಅವರ ಹೆಸರಿನ ಪಟ್ಟಿ ಮಾಡಬೇಕು. ಪಟ್ಟಿಯಲ್ಲಿ ಇದ್ದವರು ಹೆಣ್ಣುಡುಗೆ ಉಟ್ಟು, ಒಡವೆ ತೊಟ್ಟು ಬೀದಿಯಲ್ಲಿ ಕಂಡರೆ, ಹಾಡಿದರೆ, ಕುಣಿದರೆ ವಾರಂಟಿಲ್ಲದೆ ಹಿಡಿಯಬಹುದು, ಎರಡು ವರ್ಷದವರೆಗೆ ಜೈಲು. ಅವರು ಮಗುವನ್ನು ದತ್ತು ತೆಗೆದುಕೊಳ್ಳುವಂತಿಲ್ಲ, ಮರಣಪತ್ರ ಬರೆಯುವಂತಿಲ್ಲ. ಗುರುವಿನಿಂದ ಚೇಲಾಗೆ ಹೋಗುವ ಬದುಕಿನ ಬೇರನ್ನೇ ಕತ್ತರಿಸುವ ಕಾಯ್ದೆ.

ಅಲೆಮಾರಿ ಕುಲಗಳು ಮತ್ತು ಹಿಜಡಾ ಸಮುದಾಯ ಒಂದೇ ಕಾಗದದ ಎರಡು ಪುಟಗಳಲ್ಲಿ ಅಪರಾಧಿಗಳಾದರು. ನಾವು ಒಂದು ಪುಟ ಓದಿ ಸಿಟ್ಟಾದೆವು. ಇನ್ನೊಂದು ಪುಟವನ್ನು ತಿರುವಲೇ ಇಲ್ಲ.

"ಅದು ಬ್ರಿಟಿಷ್ ಸೀಮೆಯದ್ದು, ನಮ್ಮದು ನಿಜಾಮನ ಸೀಮೆ" ಅನ್ನಬೇಡಿ. 1857ರ ದಂಗೆಯ ನಂತರ ಸುರಪುರದ ಬೇಡರ ಸಂಸ್ಥಾನ ಹೋಗಿ ಈ ನೆಲ ಹೈದರಾಬಾದ್ ರಾಜ್ಯಕ್ಕೆ ಸೇರಿತು. ಆ ರಾಜ್ಯದಲ್ಲಿ ಫಸಲಿ 1329ರಲ್ಲಿ, ಅಂದರೆ 1919ರಲ್ಲಿ, ಅದೇ ಅಚ್ಚಿನ ಕಾಯ್ದೆ ಬಂತು. ಹೈದರಾಬಾದ್ ಪಟ್ಟಣ ಮತ್ತು ಸರಕಾರ ಹೆಸರಿಸುವ ಬೇರೆ ಊರುಗಳಲ್ಲಿ ಹಿಜಡಾಗಳ ಪಟ್ಟಿ ಮಾಡುವುದು, ಪಟ್ಟಿಯಲ್ಲಿ ಹೆಸರಿದ್ದವರು ಸೀರೆ, ಒಡವೆ ತೊಟ್ಟು ಬೀದಿಗೆ ಬಂದರೆ, ಹಾಡಿ ಕುಣಿದರೆ ವಾರಂಟಿಲ್ಲದೆ ಹಿಡಿಯುವುದು, ಎರಡು ವರ್ಷದವರೆಗೆ ಶಿಕ್ಷೆ. ಕೈಯ ಬಳೆಯೇ ಅಪರಾಧದ ಸಾಕ್ಷಿ. 1948ರಲ್ಲಿ ನಿಜಾಮನ ಆಳ್ವಿಕೆ ಮುಗಿಯಿತು. 1956ರಲ್ಲಿ ನಾವು ಈ ಕಡೆ ಬಂದೆವು. ತೆಲಂಗಾಣದ ಕಡೆ ಆ ಕಾಯ್ದೆ ಹೆಸರು ಬದಲಿಸಿಕೊಂಡು ಪುಸ್ತಕದಲ್ಲಿ ಉಳಿಯಿತು. ಅದು ಸಂವಿಧಾನಕ್ಕೆ ವಿರುದ್ಧ ಅಂತ ತೆಲಂಗಾಣ ಹೈಕೋರ್ಟ್ ಹೊಡೆದುಹಾಕಿದ್ದು 2023ರ ಜುಲೈನಲ್ಲಿ. ಹುಟ್ಟಿ ನೂರು ವರ್ಷ ದಾಟಿದ ಮೇಲೆ!

ನಾವು ಈ ಕಡೆ ಬಂದವರು ಪಾರಾದೆವೇ? 2011ರಲ್ಲಿ ಕರ್ನಾಟಕ ಪೊಲೀಸ್ ಕಾಯ್ದೆಗೆ 36-ಎ ಎಂಬ ಕಲಮು ಸೇರಿಸಿದರು. ಹುಡುಗರನ್ನು ಅಪಹರಿಸುತ್ತಾರೆ ಇತ್ಯಾದಿ ಸಂಶಯದ ಮೇಲೆ 'ನಪುಂಸಕರ' ಹೆಸರು, ವಾಸದ ಜಾಗದ ಪಟ್ಟಿ ಇಡಲು ಪೊಲೀಸರಿಗೆ ಅಧಿಕಾರ. 1871ರ ಭೂತ 140 ವರ್ಷದ ನಂತರ ವಿಧಾನಸೌಧದಲ್ಲಿ ಎದ್ದು ಕೂತಿತು. ಲೈಂಗಿಕ ಅಲ್ಪಸಂಖ್ಯಾತರ ಸಂಘಟನೆಯವರು ಹೈಕೋರ್ಟಿಗೆ ಹೋದ ಮೇಲೆ 2016ರಲ್ಲಿ ಆ ಪದ ತೆಗೆದು 'ವ್ಯಕ್ತಿ' ಅಂತ ಹಾಕಿದರು. ಆ ಹೋರಾಟದಲ್ಲಿ ನಾವು ಎಲ್ಲಿದ್ದೆವು ಅಂತ ಕೇಳಿಕೊಂಡರೆ ಉತ್ತರ ಗಂಟಲಲ್ಲೇ ನಿಲ್ಲುತ್ತದೆ.

*

ಬೇರೆ ದೇಶದ ಕಡೆ ಒಮ್ಮೆ ನೋಡೋಣ. ಗಂಡು ಗಂಡನ್ನು, ಹೆಣ್ಣು ಹೆಣ್ಣನ್ನು ಪ್ರೀತಿಸುವವರ ಹಕ್ಕಿನ ಹೋರಾಟ ಅಮೆರಿಕದಲ್ಲಿ ಎದ್ದು ನಿಂತಿತು ಅಂತ ಪುಸ್ತಕ ಓದಿದವರು ಹೇಳುತ್ತಾರೆ. ಅದನ್ನು ಬೀದಿಗೆ ತಂದವರಲ್ಲಿ ಮುಂದೆ ಇದ್ದವರು ಯಾರು? 1966ರಲ್ಲಿ ಸ್ಯಾನ್‌ಫ್ರಾನ್ಸಿಸ್ಕೋದ ಕಾಂಪ್ಟನ್ ಎಂಬ ಹೋಟೆಲಿನಲ್ಲಿ ಪೊಲೀಸರ ಕಾಟಕ್ಕೆ ತಿರುಗಿಬಿದ್ದವರು ಸೀರೆಯ ಬದಲು ಫ್ರಾಕ್ ತೊಟ್ಟ ನಮ್ಮ ಜೋಗಪ್ಪಗಳಂಥವರೇ. 1969ರ ಜೂನ್ 28ರ ನಸುಕಿನಲ್ಲಿ ನ್ಯೂಯಾರ್ಕಿನ ಸ್ಟೋನ್‌ವಾಲ್ ಎಂಬ ಶರಾಬಿನ ಅಂಗಡಿಗೆ ಪೊಲೀಸರು ನುಗ್ಗಿದರು, ದಂಗೆಯಾಯಿತು. ಆ ಹೋರಾಟದ ದಿನಗಳ ಎರಡು ಹೆಸರು ಮಾರ್ಷಾ ಪಿ. ಜಾನ್ಸನ್ ಮತ್ತು ಸಿಲ್ವಿಯಾ ರಿವೆರಾ. ಮಾರ್ಷಾ ಕಪ್ಪು ಜನಾಂಗದವರು, ಸಿಲ್ವಿಯಾ ಲ್ಯಾಟಿನ್ ಅಮೆರಿಕದ ಮೂಲದವರು, ಇಬ್ಬರೂ ಬೀದಿಯಲ್ಲಿ ಬದುಕಿದವರು. 1970ರಲ್ಲಿ ಇಬ್ಬರೂ ಸೇರಿ 'ಸ್ಟಾರ್' ಎಂಬ ಸಂಘ ಕಟ್ಟಿದರು. ಮನೆಯಿಂದ ಹೊರಬಿದ್ದ ಮಕ್ಕಳಿಗೆ ಸೂರು ಕೊಟ್ಟರು.

1973ರ ಜೂನ್ ತಿಂಗಳ ಸಭೆಯಲ್ಲಿ ಸಿಲ್ವಿಯಾ ವೇದಿಕೆ ಹತ್ತಿ, ಜೈಲಿನಲ್ಲಿ ಕೊಳೆಯುವ ನಮ್ಮವರನ್ನು ಮರೆತಿರಾ ಅಂತ ಕೇಳಿದಾಗ ಸ್ವಂತ ಚಳವಳಿಯ ಮಂದಿಯೇ ಹುಯಿಲೆಬ್ಬಿಸಿದರು. ಓದಿದವರು, ಬಿಳಿಯರು, ಮರ್ಯಾದಸ್ಥರು ಮುಂದೆ ಬಂದ ಮೇಲೆ ಬೀದಿಯವರು ಮುಜುಗರವಾದರು. 1986ರಲ್ಲಿ ನ್ಯೂಯಾರ್ಕ್ ನಗರದಲ್ಲಿ ಸಲಿಂಗಿಗಳ ಹಕ್ಕಿನ ಕಾನೂನು ಬಂದಾಗ ಅದರಲ್ಲಿ ಇವರಿಗೆ ರಕ್ಷಣೆ ಇರಲಿಲ್ಲ. ಇವರ ಸರದಿ 2002ಕ್ಕೆ ಬಂತು. ಕಲ್ಲು ಹೊತ್ತವರು ಹೊರಗೆ, ಗುಡಿಯೊಳಗೆ ಬೇರೆಯವರು. ಈ ಕಥೆ ಕೆಂಭಾವಿಯ ಕೇರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಇನ್ನೊಂದು ಸಂಗತಿ ನಮ್ಮನ್ನು ಹೆಚ್ಚು ಚುಚ್ಚಿತು. 1972ರಲ್ಲಿ ಮುಂಬಯಿಯಲ್ಲಿ ದಲಿತ ಪ್ಯಾಂಥರ್ಸ್ ಹುಟ್ಟಿತು, ಹೆಸರು ತಗೊಂಡಿದ್ದು ಅಮೆರಿಕದ ಕರಿ ಚಿರತೆಗಳಿಂದ. ಆ ಚಿರತೆಗಳ ನಾಯಕ ಹ್ಯೂಯಿ ನ್ಯೂಟನ್ 1970ರ ಆಗಸ್ಟಿನಲ್ಲಿ ತನ್ನ ಸಂಗಾತಿಗಳಿಗೆ ಒಂದು ಮಾತು ಹೇಳಿದ. ಹೆಂಗಸರ ಚಳವಳಿ, ಸಲಿಂಗಿಗಳ ಚಳವಳಿ ನಮ್ಮ ಮಿತ್ರರು, ಅವರನ್ನು ಬೈಯುವ ಪದಗಳನ್ನು ನಮ್ಮ ಬಾಯಿಂದ ತೆಗೆಯೋಣ, ಜನರ ಶತ್ರುಗಳಾದ ರಾಜಕಾರಣಿಗಳಿಗೆ ಆ ಪದ ಅಂಟಿಸುವುದನ್ನೂ ಬಿಡೋಣ ಅಂದ. ನಾವು ಅವರ ಹೆಸರು ತಂದೆವು, ಸಿಟ್ಟು ತಂದೆವು, ಮುಷ್ಟಿ ತಂದೆವು. ಈ ಮಾತನ್ನು ಅಲ್ಲೇ ಬಿಟ್ಟು ಬಂದೆವು.

*

ನಮ್ಮ ಚಳವಳಿಯ ದೊಡ್ಡತನವನ್ನು ನಾವು ಕಡಿಮೆ ಮಾಡುತ್ತಿಲ್ಲ. 1973ರ ಬೂಸಾ ಪ್ರಕರಣದಿಂದ ಹಿಡಿದು 1979ರ ಬಂಡಾಯ ಸಾಹಿತ್ಯ ಸಂಘಟನೆಯವರೆಗೆ ನಮ್ಮ ಹಿರಿಯರು ಹಾಕಿದ ದಾರಿಯಲ್ಲೇ ನಾವು ನಡೆದು ಬಂದವರು. 1986ರ ಮಾರ್ಚಿನಲ್ಲಿ ಸೊರಬ ತಾಲೂಕಿನ ಚಂದ್ರಗುತ್ತಿಯಲ್ಲಿ ಬೆತ್ತಲೆ ಸೇವೆ ನಿಲ್ಲಿಸಲು ಹೋದ ದಲಿತ ಸಂಘರ್ಷ ಸಮಿತಿಯ ಕಾರ್ಯಕರ್ತರು, ಪೊಲೀಸರು ಏಟು ತಿಂದರು, ಅವರನ್ನೇ ಬೆತ್ತಲೆ ಮಾಡಿದರು. ಆ ಸೇವೆ ನಿಂತಿತು. ನಿಲ್ಲಲೇಬೇಕಿತ್ತು. ಅಲ್ಲಿಯ ದೇವಿ ರೇಣುಕಾಂಬೆ, ನಮ್ಮ ಎಲ್ಲಮ್ಮನೇ.

ಆದರೆ ಹೆಂಗಸರನ್ನು ಬಿಡಿಸಲು ಹೋದಾಗ ಅದೇ ಗುಡ್ಡದಲ್ಲಿದ್ದ ಇನ್ನೊಂದು ಜೀವವನ್ನು ನಾವು ನೋಡಲಿಲ್ಲ. 1982ರಲ್ಲಿ ಕರ್ನಾಟಕ ದೇವದಾಸಿ ಸಮರ್ಪಣೆ ನಿಷೇಧಿಸಿ ಕಾಯ್ದೆ ಮಾಡಿತು. ದೇವದಾಸಿ ಅಂದರೆ ಸಮರ್ಪಿತಳಾದ ಹೆಂಗಸು ಅಂತ ಅದು ಅರ್ಥ ಕೊಟ್ಟಿತು. ಮುತ್ತು ಕಟ್ಟಿಸಿಕೊಂಡ ಜೋಗಪ್ಪ ಆ ಅರ್ಥದೊಳಗೆ ಬರಲಿಲ್ಲ. ಕಾಗದದ ಪ್ರಕಾರ ಅವರು ಹೆಂಗಸಲ್ಲ, ಊರಿನ ಪ್ರಕಾರ ಗಂಡಸಲ್ಲ. ನಿಷೇಧವೂ ಅವರದಲ್ಲ, ಪುನರ್ವಸತಿಯೂ ಅವರದಲ್ಲ. 1983ರಲ್ಲಿ ನಿಕೊಲಸ್ ಬ್ರಾಡ್‌ಫರ್ಡ್ ಎಂಬ ಮಾನವಶಾಸ್ತ್ರಜ್ಞ ಎಲ್ಲಮ್ಮನ ಈ ಭಕ್ತರ ಬಗ್ಗೆ ಇಂಗ್ಲಿಷಿನಲ್ಲಿ ಬರೆದ. ಆ ಕಾಲದ ನಮ್ಮ ಸಣ್ಣ ಪತ್ರಿಕೆಗಳನ್ನು ತಿರುವಿದರೆ ದೇವದಾಸಿಯರ ಮೇಲೆ ಲೇಖನಗಳು ಸಿಗುತ್ತವೆ. ಜೋಗಪ್ಪಗಳ ಮೇಲೆ, ನಮ್ಮ ಕೈಗೆ ಸಿಕ್ಕ ಸಂಚಿಕೆಗಳಲ್ಲಿ, ಒಂದೂ ಇಲ್ಲ.

ಹಾಗಂತ ಅವರು ನಮಗಾಗಿ ಕಾದು ಕೂರಲಿಲ್ಲ. ಬಳ್ಳಾರಿ ಸೀಮೆಯ ಕಲ್ಲುಕಂಬದ ಮಂಜಮ್ಮ ಜೋಗತಿಯವರನ್ನು ನೋಡಿ. ಹುಲಿಗೆಮ್ಮನ ಗುಡಿಯಲ್ಲಿ ಮುತ್ತು ಕಟ್ಟಿಸಿಕೊಂಡು, ಮನೆ ಬಿಟ್ಟು, ಬೇಡಿ, ವಿಷ ಕುಡಿದು ಬದುಕುಳಿದವರು. ದಾವಣಗೆರೆಯ ಬಸ್‌ಸ್ಟ್ಯಾಂಡಿನ ಬಳಿ ಹಾಡುವ ತಂದೆ, ಕೊಡ ಹೊತ್ತು ಕುಣಿಯುವ ಮಗನನ್ನು ನೋಡಿ ಜೋಗತಿ ಕುಣಿತ ಕಲಿತರು. ಮರಿಯಮ್ಮನಹಳ್ಳಿಯ ಕಾಳವ್ವ ಜೋಗತಿಯವರ ಮೇಳ ಸೇರಿ ಎಲ್ಲಮ್ಮನ ಆಟವನ್ನು ರಂಗಕ್ಕೆ ತಂದರು. 2019ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು. ಆ ಕುರ್ಚಿಗೆ ಅವರಂಥವರು ಬಂದದ್ದು ಅದೇ ಮೊದಲು. 2021ರಲ್ಲಿ ಪದ್ಮಶ್ರೀ ಬಂತು. ಪ್ರಶಸ್ತಿ ತೆಗೆದುಕೊಳ್ಳುವ ಮೊದಲು ಸೆರಗಿನಿಂದ ರಾಷ್ಟ್ರಪತಿಗೇ ದೃಷ್ಟಿ ತೆಗೆದರು. ಕೇರಿಯ ಬಾಗಿಲಲ್ಲಿ ನಮಗೆ ತೆಗೆದ ಹಾಗೆಯೇ. ಅವರ ಆತ್ಮಕಥೆಯ ಹೆಸರು 'ನಡುವೆ ಸುಳಿವ ಹೆಣ್ಣು'. ಮುದನೂರಿನ ನೇಕಾರನ ನೂಲು ಅದರಲ್ಲಿ ಕಾಣುತ್ತದೆ.

ಬೆಂಗಳೂರಿನಲ್ಲಿ 1999ರಿಂದ ಸಂಗಮ ಸಂಸ್ಥೆ ಕೆಲಸ ಮಾಡಿತು. ಪಿಯುಸಿಎಲ್ 2001 ಮತ್ತು 2003ರಲ್ಲಿ ಪೊಲೀಸ್ ಹಿಂಸೆಯನ್ನು ದಾಖಲಿಸಿ ವರದಿ ತಂದಿತು. ತಮಿಳಿನ ರೇವತಿಯವರ ಬದುಕಿನ ಕಥೆಯನ್ನು 'ಬದುಕು ಬಯಲು' ಎಂದು ಕನ್ನಡಕ್ಕೆ ತಂದವರು ನಮ್ಮವರೇ ಆದ ದು. ಸರಸ್ವತಿ. ಅದು ನಾಟಕವಾಗಿ ಊರೂರು ತಿರುಗಿತು. ಅಂದರೆ ಸೇತುವೆ ಕಟ್ಟಿದವರು ನಮ್ಮೊಳಗೆ ಇದ್ದಾರೆ. ದಾಟಬೇಕಾದವರು ನಾವು.

*

2014ರ ಏಪ್ರಿಲ್ 15ರಂದು ಸುಪ್ರೀಂ ಕೋರ್ಟು ನಾಲ್ಸಾ ಪ್ರಕರಣದಲ್ಲಿ, ತಾನು ಯಾರು ಅಂತ ಹೇಳುವ ಹಕ್ಕು ಆಯಾ ವ್ಯಕ್ತಿಯದು ಅಂದಿತು. ಆ ತೀರ್ಪಿನಲ್ಲಿ ಹಿಜಡಾಗಳ ಜೊತೆ ಜೋಗಪ್ಪಗಳ ಹೆಸರೂ ಇದೆ. ಇವರನ್ನು ಸಾಮಾಜಿಕವಾಗಿ, ಶೈಕ್ಷಣಿಕವಾಗಿ ಹಿಂದುಳಿದವರೆಂದು ಭಾವಿಸಿ ಮೀಸಲಾತಿ ಕೊಡಿ ಅಂದಿತು. ಕೇಳಲು ಚಂದ. ಆದರೆ ಮಾದರ ಮನೆಯಲ್ಲಿ ಹುಟ್ಟಿದ ಜೋಗಪ್ಪ ಏನು ಮಾಡಬೇಕು? ಹಿಂದುಳಿದ ವರ್ಗದ ಸಾಲಿನಲ್ಲಿ ನಿಂತರೆ ತನ್ನ ಜಾತಿಯ ಗಾಯ ಬಿಡಬೇಕು, ಪರಿಶಿಷ್ಟ ಜಾತಿಯ ಸಾಲಿನಲ್ಲಿ ನಿಂತರೆ ತನ್ನ ದೇಹದ ಗಾಯ ಬಿಡಬೇಕು. ಒಬ್ಬರೇ ಮನುಷ್ಯರು, ಎರಡು ಗಾಯ. ತಮಿಳುನಾಡಿನ ದಲಿತ ಹೋರಾಟಗಾರ್ತಿ ಗ್ರೇಸ್ ಬಾನು ಅಂಥವರು ಪ್ರತಿ ವರ್ಗದೊಳಗೂ ಅಡ್ಡ ಮೀಸಲಾತಿ ಕೊಡಿ ಅಂತ ಕೇಳಿದ್ದು ಇದಕ್ಕೇ.

ಆ ದಾರಿಯಲ್ಲಿ ಮೊದಲು ಹೆಜ್ಜೆ ಇಟ್ಟದ್ದು ಕರ್ನಾಟಕ. ಕೋರ್ಟಿನಲ್ಲಿ ದಾವೆ ನಡೆದ ಮೇಲೆ 2021ರ ಜುಲೈನಲ್ಲಿ ಸರಕಾರಿ ನೇಮಕಾತಿಯ ನಿಯಮ ತಿದ್ದಿ, ಸಾಮಾನ್ಯ, ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡ, ಹಿಂದುಳಿದ ವರ್ಗ ಪ್ರತಿಯೊಂದರೊಳಗೂ ಶೇಕಡ 1 ಹುದ್ದೆ ಇಟ್ಟಿತು. ಇದನ್ನು ನಮ್ಮ ಪಾಲಿನಿಂದ ಕಿತ್ತದ್ದು ಅನ್ನುವ ಗೊಣಗು ನಮ್ಮವರ ಬಾಯಲ್ಲೇ ಕೇಳಿದ್ದೇವೆ. ಗೆಳೆಯರೇ, ಕೊಟ್ಟದ್ದು ನಮ್ಮ ಮಕ್ಕಳಿಗೇ. 2011ರ ಜನಗಣತಿಯಲ್ಲಿ ಹೆಣ್ಣು-ಗಂಡು ಅಲ್ಲದೆ 'ಇತರೆ' ಅಂತ ಬರೆಸಿದವರು ದೇಶದಲ್ಲಿ 4,87,803, ಕರ್ನಾಟಕದಲ್ಲಿ 20,266. ದೇಶದ ಲೆಕ್ಕದಲ್ಲಿ 78,811 ಮಂದಿ ಪರಿಶಿಷ್ಟ ಜಾತಿಯವರು. ಹೆಸರು ಹೇಳಲು ಹೆದರಿ ಗಂಡು ಅಂತಲೇ ಬರೆಸಿದವರು ಇದರಲ್ಲಿ ಇಲ್ಲ. ನಮ್ಮ ಗೆಳೆಯನೂ ಇರಲಿಕ್ಕಿಲ್ಲ.

2019ರಲ್ಲಿ ಸಂಸತ್ತು ತೃತೀಯ ಲಿಂಗಿಗಳ ರಕ್ಷಣೆಯ ಕಾಯ್ದೆ ಮಾಡಿದಾಗ, ಅವರ ಮೇಲೆ ಲೈಂಗಿಕ ದೌರ್ಜನ್ಯ ಮಾಡಿದವನಿಗೆ ಇಟ್ಟ ಶಿಕ್ಷೆ ಆರು ತಿಂಗಳಿಂದ ಎರಡು ವರ್ಷ. ಹೆಂಗಸಿನ ಮೇಲೆ ಅತ್ಯಾಚಾರವಾದರೆ ಕಡಿಮೆ ಅಂದರೆ ಹತ್ತು ವರ್ಷ. 1919ರಲ್ಲಿ ಸೀರೆ ಉಟ್ಟದ್ದಕ್ಕೆ ಎರಡು ವರ್ಷ, 2019ರಲ್ಲಿ ಅವರ ಸೀರೆ ಎಳೆದದ್ದಕ್ಕೂ ಎರಡೇ ವರ್ಷ. ನೂರು ವರ್ಷದಲ್ಲಿ ಬೆಲೆ ಎಷ್ಟು ಏರಿತು ಅಂತ ನೀವೇ ಲೆಕ್ಕ ಹಾಕಿ.

*

ಕೊನೆಗೆ ನಮ್ಮೂರಿಗೇ ಬರುತ್ತೇವೆ.

ಪಾಲ್ಕುರಿಕೆ ಸೋಮನಾಥನ ಬಸವಪುರಾಣದಲ್ಲಿ ಕೆಂಭಾವಿಯ ಭೋಗಣ್ಣನ ಕಥೆ ಇದೆ. ಶಿವ ಅಂತ್ಯಜನ ವೇಷದಲ್ಲಿ, ಸತ್ತ ಕರು ಹೊತ್ತು ಬಂದ. ಭೋಗಣ್ಣ ಒಳಗೆ ಕರೆದ, ಉಪಚಾರ ಮಾಡಿದ, ತಂದದ್ದನ್ನೇ ಅಡಿಗೆ ಮಾಡಿಸಿದ. ಊರಿನ ವಿಪ್ರರು ಸಿಟ್ಟಾಗಿ ಭೋಗಣ್ಣನನ್ನು ಊರು ಬಿಡಿಸಿದರು. ಅವನು ಹೊರಟಾಗ ಊರಿನ ಲಿಂಗಗಳೆಲ್ಲ ಅವನ ಹಿಂದೆ ಹೊರಟವು. ಗುಡಿಗಳು ಖಾಲಿಯಾದವು. ಆಮೇಲೆ ಊರೇ ಹೋಗಿ ಕಾಲು ಹಿಡಿದು ವಾಪಸು ಕರೆತಂದಿತು.

ಈ ಕಥೆಯನ್ನು ನಾವು ಯಾವಾಗಲೂ ನಮ್ಮ ಕಥೆ ಅಂತ ಹೇಳಿಕೊಂಡಿದ್ದೇವೆ, ಬಾಗಿಲಲ್ಲಿ ನಿಂತ ಅಂತ್ಯಜ ನಾವು ಅಂತ. ಇವತ್ತು ಕೇಳಬೇಕಾದ್ದು ಬೇರೆ. ನಮ್ಮ ಬಾಗಿಲಿಗೆ ಬಂದು ನಿಂತವರಿಗೆ ನಾವು ಭೋಗಣ್ಣರೋ, ಆ ಊರಿನ ವಿಪ್ರರೋ? ಮನೆ ಬಿಟ್ಟು ಹೋದ ಮಗುವಿನ ಹಿಂದೆ ಯಾವ ಲಿಂಗ ಹೊರಟಿತು? ಲಿಂಗ ಬೇಡ, ನಮ್ಮಲ್ಲಿ ಒಬ್ಬನಾದರೂ ಹೊರಟನೇ?

ಹಳ್ಳಿಯ ಮೇಷ್ಟರೇ, ನಿಮ್ಮ ತರಗತಿಯಲ್ಲಿ ಅಂಥ ಒಂದು ಮಗು ಇರಬಹುದು. ಹಾಜರಿ ಕರೆಯುವಾಗ ಹಿಂದಿನ ಸಾಲು ನಕ್ಕರೆ ಪುಸ್ತಕ ಮುಚ್ಚಿ ಮೊದಲು ಆ ನಗೆ ನಿಲ್ಲಿಸಿ. ಆ ಮಗುವಿಗೆ ಹೆದರಿಕೆಯಿಲ್ಲದೆ ಹೋಗುವ ಒಂದು ಸಂಡಾಸು ತೋರಿಸಿ. ದಾಸಿಮಯ್ಯನ ಪಾಠ ಅಲ್ಲಿಂದ ಶುರುಮಾಡಿ. ಕಾಲೇಜಿನ ಗೆಳೆಯರೇ, ತಾಲೂಕಿನಲ್ಲಿ ಶೇಕಡ 1ರ ಅರ್ಜಿ ತುಂಬಿಸಿ ಕೊಡುವವರು ಬೇಕಾಗಿದ್ದಾರೆ. ಜೋಗ ಬೇಡುವ ಕೈಗೆ ಅರ್ಜಿ ಬರೆಯಲು ಬರುವುದಿಲ್ಲ, ನಿಮಗೆ ಬರುತ್ತದೆ. ಕಾರ್ಯಕರ್ತರೇ, ದೇವಿಗೆ ಬಿಡುವ ಪದ್ಧತಿಯನ್ನು ವಿರೋಧಿಸಿ, ಆದರೆ ದೇವಿಯ ಹೊರತು ಬೇರೆ ಸೂರು ಇಲ್ಲದವರ ಸೂರು ಕಿತ್ತು ಹಾಕಿ ಬರಬೇಡಿ. ಮೊದಲು ಸೂರು ಕಟ್ಟಿ. ಅವರನ್ನು ಸಭೆಗೆ ಕರೆಯಿರಿ. ಹಾಡಿಸಿ ಕಳಿಸಲಿಕ್ಕೆ ಅಲ್ಲ, ಮಾತಾಡಿಸಲಿಕ್ಕೆ, ಪದಾಧಿಕಾರಿ ಮಾಡಲಿಕ್ಕೆ.

ಕವಿಗಳಿಗೆ, ಅಂದರೆ ನಮಗೇ, ಒಂದು ಸಣ್ಣ ಕೆಲಸ. ನಮ್ಮ ಹಳೆಯ ಪದ್ಯಗಳ ಕಟ್ಟು ತೆಗೆದು ಕೂತೆವು. 'ಷಂಡ' ಮೂರು ಕಡೆ, 'ಬಳೆ ತೊಟ್ಟ ಕೈ' ಎರಡು ಕಡೆ ಸಿಕ್ಕಿತು. ಹೊಡೆದು ಹಾಕಿದ್ದೇವೆ. ಹೇಡಿಗೆ ಹೇಡಿ ಅಂದರೆ ಸಾಕು, ಕನ್ನಡದಲ್ಲಿ ಆ ಪದಕ್ಕೆ ಬಡತನವಿಲ್ಲ. ಮುಂದಿನ ಮೆರವಣಿಗೆಯಲ್ಲಿ ಯಾರಾದರೂ ಬಳೆ ತಂದರೆ ಅದನ್ನು ಅಧಿಕಾರಿಯ ಮೇಜಿನ ಮೇಲೆ ಇಡಗೊಡುವುದಿಲ್ಲ.

ಗೆಳೆಯಾ, ನೀನು ಎಲ್ಲಿದ್ದೀಯೋ, ಯಾವ ಹೆಸರಿನಲ್ಲಿದ್ದೀಯೋ ಗೊತ್ತಿಲ್ಲ. ಈ ಸಂಚಿಕೆ ನಿನ್ನ ಕೈಗೆ ಸಿಕ್ಕರೆ ಒಂದು ಮಾತು. ಆ ಗೋಡೆಗೆ ಎಂದೋ ಸುಣ್ಣ ಬಳಿದಿದ್ದಾರೆ. ನಾವು ಅಳಿಸಬೇಕಾಗಿದ್ದ ದಿನ ಅಳಿಸಲಿಲ್ಲ. ಆ ಬಾಕಿ ನಮ್ಮ ಮೇಲೆ ಹಾಗೇ ಇದೆ.